ಹದಿನೇಳು ಮಕ್ಕಳೂ ಒಂದು ಭಾಷೆಯೂ



ಪ್ರೌಢಶಾಲೆಯಲ್ಲಿ ನನ್ನ ಬಳಿ ಕನ್ನಡ ಕಲಿತು, ಈಗ ಜರ್ಮನಿಯ ಡ್ರೆಸ್ಡೆನ್ ನಗರದಲ್ಲಿ ಎಂಜಿನಿಯರ್ ಆಗಿರುವ ಹಳೆಯ ವಿದ್ಯಾರ್ಥಿಯೊಬ್ಬ ಕೆಲವು ತಿಂಗಳುಗಳ ಹಿಂದೆ ನನಗೊಂದು ಛಾಯಾಚಿತ್ರ ಕಳುಹಿಸಿದ. ಅದೊಂದು ರೈಲು ನಿಲ್ದಾಣದ ಹೆಸರುಹಲಗೆ. ಅದರಲ್ಲಿ ‘ಬೌಟ್ಸೆನ್’ ಎಂದೂ ‘ಬುಡಿಶಿನ್’ ಎಂದೂ ಎರಡು ಹೆಸರುಗಳಿದ್ದವು. “ಮಾಷ್ಟ್ರೇ, ಊರು ಜರ್ಮನಿಯದೇ. ಆದರೆ ಎರಡನೆಯ ಹೆಸರು ಜರ್ಮನ್ ಅಲ್ಲ. ಇಲ್ಲಿ ಇನ್ನೊಂದು ಭಾಷೆ ಇದೆಯೆಂದು ನನಗೇ ಮೂರು ವರ್ಷ ತಿಳಿದಿರಲಿಲ್ಲ” ಎಂದು ಬರೆದಿದ್ದ. ನನಗಂತೂ ಅರವತ್ತು ದಾಟಿದರೂ ತಿಳಿದಿರಲಿಲ್ಲ. ನಿವೃತ್ತನಿಗೆ ಸಮಯಕ್ಕೇನು ಬರ? ಅಂದಿನಿಂದ ಆ ಭಾಷೆಯ ವಿಚಾರವಾಗಿ ಸಿಕ್ಕಿದ್ದನ್ನೆಲ್ಲ ಓದುತ್ತಾ ಬಂದೆ. ಓದಿದಂತೆ ಸಂತೋಷಕ್ಕಿಂತ ಹೆಚ್ಚಾಗಿ ಮನಸ್ಸಿಗೆ ಒಂದು ಬಗೆಯ ಕಸಿವಿಸಿಯೇ ಆಯಿತು. ಅದರ ಕಾರಣವನ್ನು ಕೊನೆಯಲ್ಲಿ ಹೇಳುತ್ತೇನೆ. ಮೊದಲು ಪಾಠ, ಆಮೇಲೆ ತಪ್ಪೊಪ್ಪಿಗೆ.

ಜರ್ಮನಿಯ ಪೂರ್ವ ಭಾಗದಲ್ಲಿ, ಪೋಲೆಂಡ್ ಮತ್ತು ಚೆಕ್ ದೇಶಗಳ ಗಡಿಗೆ ಸಮೀಪದಲ್ಲಿ, ಲುಸಾಟಿಯಾ ಎಂಬ ಸೀಮೆಯಿದೆ. ಸ್ಪ್ರೇ ನದಿ ಅದರ ಮೂಲಕ ಹರಿದು ಬರ್ಲಿನ್ನಿನ ಕಡೆಗೆ ಹೋಗುತ್ತದೆ. ಈ ಸೀಮೆಯ ದಕ್ಷಿಣ ಭಾಗ ಹೆಚ್ಚಾಗಿ ಸ್ಯಾಕ್ಸನಿ ರಾಜ್ಯದಲ್ಲಿಯೂ ಉತ್ತರ ಭಾಗ ಬ್ರಾಂಡೆನ್‌ಬುರ್ಗ್ ರಾಜ್ಯದಲ್ಲಿಯೂ ಇದೆ. ಸುಮಾರು ಆರನೆಯ ಶತಮಾನದಿಂದಲೂ ಇಲ್ಲಿ ನೆಲೆಸಿರುವ ಸ್ಲಾವ್ ಜನರೇ ಸೊರ್ಬರು. ಜರ್ಮನ್ನರು ಇವರನ್ನು ಹಿಂದೆ ‘ವೆಂಡ್’ ಎಂದು ಕರೆಯುತ್ತಿದ್ದರು. ಬಾಲ್ಕನ್ ಪ್ರದೇಶದ ಸೆರ್ಬರಿಗೂ ಇವರಿಗೂ ಹೆಸರಿನಲ್ಲಿ ಹೋಲಿಕೆಯಿದ್ದರೂ ಭಾಷೆಯೂ ಇತಿಹಾಸವೂ ಬೇರೆಬೇರೆ. ಹತ್ತನೆಯ ಶತಮಾನದಲ್ಲಿ ಜರ್ಮನ್ ಅರಸರಿಗೆ ಸೋತ ಮೇಲೆ ಸೊರ್ಬರಿಗೆ ತಮ್ಮದೇ ಆದ ರಾಜ್ಯವೆಂಬುದು ಇರಲಿಲ್ಲ. ಅರಸನಿಲ್ಲದೆ, ಸೈನ್ಯವಿಲ್ಲದೆ, ಸಾವಿರ ವರ್ಷ ಒಂದು ಭಾಷೆ ಬದುಕಿತೆಂಬುದೇ ಮೊದಲನೆಯ ಸೋಜಿಗ.

ಒಂದು ಭಾಷೆ ಎಂದೆ. ವಾಸ್ತವವಾಗಿ ಅವು ಎರಡು. ದಕ್ಷಿಣದಲ್ಲಿ ಬೌಟ್ಸೆನ್ ನಗರದ ಸುತ್ತಮುತ್ತ ಮೇಲಿನ ಸೊರ್ಬಿಯನ್, ಉತ್ತರದಲ್ಲಿ ಕೊಟ್‌ಬುಸ್ ನಗರದ ಸುತ್ತಮುತ್ತ ಕೆಳಗಿನ ಸೊರ್ಬಿಯನ್. ಮೊದಲನೆಯದು ಚೆಕ್ ಭಾಷೆಗೂ ಎರಡನೆಯದು ಪೋಲಿಷ್ ಭಾಷೆಗೂ ಹತ್ತಿರ. ಮೇಲಿನದರಲ್ಲಿ ಹಕಾರವಿರುವ ಎಷ್ಟೋ ಶಬ್ದಗಳಲ್ಲಿ ಕೆಳಗಿನದರಲ್ಲಿ ಗಕಾರವಿದೆ. ಬೆಟ್ಟಕ್ಕೆ ಅವರು ‘ಹೊರಾ’ ಎಂದು ಬರೆದರೆ ಇವರು ‘ಗೊರಾ’ ಎಂದು ಬರೆಯುತ್ತಾರೆ. ಹಳಗನ್ನಡದ ‘ಪಾಲ್’ ಹೊಸಗನ್ನಡದಲ್ಲಿ ‘ಹಾಲು’ ಆದದ್ದನ್ನು ನಿಮಗೆ ಪಾಠ ಮಾಡಿದ್ದು ನೆನಪಿದ್ದರೆ ಇಂತಹ ವ್ಯತ್ಯಾಸ ವಿಚಿತ್ರವೆನಿಸಲಾರದು.

ವ್ಯಾಕರಣದ ಇನ್ನೊಂದು ಸಂಗತಿ ನನ್ನನ್ನು ಬಹಳ ಆಕರ್ಷಿಸಿತು. ನಿಮ್ಮಲ್ಲಿ ಸಂಸ್ಕೃತ ಓದಿದವರಿಗೆ ‘ರಾಮಃ, ರಾಮೌ, ರಾಮಾಃ’ ಎಂದು ಬಾಯಿಪಾಠ ಮಾಡಿದ್ದು ಮರೆತಿರಲಿಕ್ಕಿಲ್ಲ. ಏಕವಚನ, ಬಹುವಚನಗಳ ನಡುವೆ ಅಲ್ಲಿ ದ್ವಿವಚನವಿದೆ. ಕನ್ನಡದಲ್ಲಿ ಅದಿಲ್ಲ. ಜರ್ಮನ್, ಇಂಗ್ಲಿಷ್, ರಷ್ಯನ್ ಭಾಷೆಗಳು ಅದನ್ನು ಎಂದೋ ಕಳೆದುಕೊಂಡವು. ಸೊರ್ಬಿಯನ್ ಭಾಷೆಗಳೆರಡೂ ಅದನ್ನು ಇಂದಿಗೂ ಉಳಿಸಿಕೊಂಡಿವೆ. ‘ನಾವು’ ಎನ್ನುವುದಕ್ಕೆ ಒಂದು ಸರ್ವನಾಮ, ‘ನಾವಿಬ್ಬರು’ ಎನ್ನುವುದಕ್ಕೆ ಬೇರೆಯೇ ಒಂದು ಸರ್ವನಾಮ, ಕ್ರಿಯಾಪದದ ರೂಪವೂ ಅದಕ್ಕೆ ತಕ್ಕಂತೆ ಬೇರೆ. ನಮಗೆ ಗ್ರಂಥಗಳಲ್ಲಿ ಮಾತ್ರ ಕಾಣುವ ದ್ವಿವಚನವನ್ನು ಆ ಹಳ್ಳಿಗಳ ಮಕ್ಕಳು ಆಟದ ಬಯಲಿನಲ್ಲಿ ಬಳಸುತ್ತಾರೆ.

ಇಂತಹ ಭಾಷೆಯನ್ನಾಡುವವರು ಎಷ್ಟು ಮಂದಿ? ಸೊರ್ಬರು ಸುಮಾರು 60,000 ಎಂಬುದು ವಾಡಿಕೆಯ ಅಂದಾಜು. ಭಾಷೆಯನ್ನು ನಿಜವಾಗಿ ಆಡಬಲ್ಲವರು ಅದಕ್ಕಿಂತ ಬಹಳ ಕಡಿಮೆ. ಮೇಲಿನ ಸೊರ್ಬಿಯನ್ ಆಡುವವರು 20,000ದೊಳಗೆ ಎನ್ನುತ್ತಾರೆ. ಕೆಳಗಿನದನ್ನು ಬಲ್ಲವರು ಕೆಲವೇ ಸಾವಿರ, ಅವರಲ್ಲಿಯೂ ಹೆಚ್ಚಿನವರು ವೃದ್ಧರು. ನಮ್ಮಲ್ಲಿ 2011ರ ಜನಗಣತಿಯಲ್ಲಿ ತುಳುವನ್ನು ಮಾತೃಭಾಷೆಯೆಂದು ಬರೆಸಿದವರು 18 ಲಕ್ಷಕ್ಕೂ ಹೆಚ್ಚು. ಜರ್ಮನಿಯಲ್ಲಿ ಹಾಗೆ ಎಣಿಸುವ ಕ್ರಮವಿಲ್ಲ. ತಾನು ಸೊರ್ಬ್ ಎಂದು ಹೇಳಿಕೊಳ್ಳುವುದು ವ್ಯಕ್ತಿಯ ಸ್ವಾತಂತ್ರ್ಯ, ಅದನ್ನು ಯಾರೂ ಪ್ರಶ್ನಿಸುವಂತಿಲ್ಲ, ಪರಿಶೀಲಿಸುವಂತೆಯೂ ಇಲ್ಲ ಎಂದು ಸ್ಯಾಕ್ಸನಿಯ ಕಾನೂನು ಹೇಳುತ್ತದೆ.

ಆದರೂ ಒಮ್ಮೆ ಒಬ್ಬರು ಎಣಿಸಿದ್ದರು. ಅವರು ಅರ್ನೊಶ್ತ್ ಮುಕಾ. 1854ರಲ್ಲಿ ಹುಟ್ಟಿದವರು, ವೃತ್ತಿಯಿಂದ ನನ್ನ ಹಾಗೆಯೇ ಪ್ರೌಢಶಾಲಾ ಅಧ್ಯಾಪಕರು. 1880ರ ದಶಕದಲ್ಲಿ ಅವರು ಹಳ್ಳಿಹಳ್ಳಿಗಳ ಲೆಕ್ಕವನ್ನು ಸಂಗ್ರಹಿಸಿ, ಸೊರ್ಬರು ಸುಮಾರು 1,66,000 ಎಂದು ಪ್ರಕಟಿಸಿದರು. ಕೆಳಗಿನ ಸೊರ್ಬಿಯನ್ನಿನ ಬೃಹತ್ ನಿಘಂಟನ್ನೂ ಅವರೇ ರಚಿಸಿದರು. ಇಷ್ಟೆಲ್ಲವನ್ನೂ ಮಾಡಿದ ಮೇಷ್ಟ್ರು ತಮ್ಮ ಸೇವಾವಧಿಯ ಬಹುಭಾಗವನ್ನು ಕಳೆದದ್ದು ಲುಸಾಟಿಯಾದ ಹೊರಗಿನ ಫ್ರೈಬರ್ಗ್ ಎಂಬ ಜರ್ಮನ್ ಊರಿನಲ್ಲಿ. 1,66,000ದಿಂದ ಇಂದಿನ ಸಂಖ್ಯೆಗೆ ಇಳಿದದ್ದು ಹೇಗೆ ಎಂಬುದೇ ನನ್ನ ಮನಸ್ಸನ್ನು ಕಾಡಿದ ಪ್ರಶ್ನೆ.

ದಬ್ಬಾಳಿಕೆಯಿಂದ ಎಂಬುದು ಸುಲಭವಾದ ಉತ್ತರ. ಅದರಲ್ಲಿ ಸತ್ಯಾಂಶವಿದೆ. 1327ರಷ್ಟು ಹಿಂದೆಯೇ ಲೈಪ್‌ಜಿಗ್ ಸೀಮೆಯ ನ್ಯಾಯಾಲಯಗಳಲ್ಲಿ ಈ ಭಾಷೆಯನ್ನು ನಿಷೇಧಿಸಿದ್ದರು. 1815ರಲ್ಲಿ ವಿಯೆನ್ನಾ ಸಮ್ಮೇಳನದ ನಂತರ ಲುಸಾಟಿಯಾದ ದೊಡ್ಡ ಪಾಲು ಪ್ರಷ್ಯಾದ ವಶವಾಯಿತು. ಅಲ್ಲಿನ ಶಾಲೆಗಳಿಂದ ಸೊರ್ಬಿಯನ್ ಕ್ರಮೇಣ ಹೊರಬಿತ್ತು. 1912ರಲ್ಲಿ ಹೊಯೆರ್ಸ್‌ವೆರ್ಡಾ ಎಂಬ ಊರಿನಲ್ಲಿ ಸೊರ್ಬರ ಸಂಘಗಳೆಲ್ಲ ಕೂಡಿ ‘ದೊಮೊವಿನಾ’ ಎಂಬ ಒಕ್ಕೂಟವನ್ನು ಸ್ಥಾಪಿಸಿದವು. 1937ರಲ್ಲಿ ನಾಜಿಗಳು ಅದರ ಚಟುವಟಿಕೆಗಳನ್ನೂ ಸೊರ್ಬಿಯನ್ ದಿನಪತ್ರಿಕೆಯನ್ನೂ ನಿಷೇಧಿಸಿದರು. ಸೊರ್ಬಿಯನ್ ಬಲ್ಲ ಅಧ್ಯಾಪಕರನ್ನೂ ಪಾದ್ರಿಗಳನ್ನೂ ದೂರದ ಊರುಗಳಿಗೆ ವರ್ಗಾಯಿಸಿದರು. ಗಮನಿಸಿ, ಭಾಷೆಯನ್ನು ಅಳಿಸಬೇಕೆಂದವರಿಗೆ ಮೇಷ್ಟ್ರನ್ನು ವರ್ಗ ಮಾಡಿದರೆ ಸಾಕೆಂಬುದು ಚೆನ್ನಾಗಿ ತಿಳಿದಿತ್ತು.

ಆದರೆ ಯುದ್ಧ ಮುಗಿದ ಮೇಲೆ ಏನಾಯಿತೆಂದು ನೋಡಿದರೆ ಈ ಸುಲಭದ ಉತ್ತರ ಸಾಲದು. 1948ರಲ್ಲಿಯೇ ಸ್ಯಾಕ್ಸನಿಯಲ್ಲಿ ಸೊರ್ಬರ ಹಕ್ಕುಗಳಿಗಾಗಿ ಕಾನೂನು ಬಂತು. ಆಗಿನ ಪೂರ್ವ ಜರ್ಮನಿಯ ಕಮ್ಯುನಿಸ್ಟ್ ಸರಕಾರ ಸೊರ್ಬಿಯನ್ ಮಾಧ್ಯಮದ ಶಾಲೆಗಳನ್ನೂ ಸಂಶೋಧನಾ ಸಂಸ್ಥೆಯನ್ನೂ ನಾಟಕಶಾಲೆಯನ್ನೂ ನಡೆಸಿತು. ಹೆಸರುಹಲಗೆಗಳೆಲ್ಲ ದ್ವಿಭಾಷೆಯಾದವು. ಇಷ್ಟಾಗಿಯೂ ಭಾಷೆ ಕುಗ್ಗುತ್ತಲೇ ಹೋಯಿತು. 1960ರ ದಶಕದ ಮೊದಲಲ್ಲಿ ಸೊರ್ಬಿಯನ್ ಶಾಲೆಗಳಲ್ಲಿಯೇ ಗಣಿತ, ವಿಜ್ಞಾನಗಳು ಜರ್ಮನ್ ಮಾಧ್ಯಮಕ್ಕೆ ತಿರುಗಿದವು. 1964ರಲ್ಲಿ ಸೊರ್ಬಿಯನ್ ಕಲಿಕೆಯನ್ನು ಐಚ್ಛಿಕವೆಂದು ಮಾಡಿದೊಡನೆ ಕಲಿಯುವವರ ಸಂಖ್ಯೆ ತೀವ್ರವಾಗಿ ಇಳಿಯಿತು. ಹಾಡು, ಉಡುಪು, ಹಬ್ಬಗಳಿಗೆ ಸೊರ್ಬಿಯನ್, ಗಣಿತ ವಿಜ್ಞಾನಗಳಿಗೆ ಜರ್ಮನ್ ಎಂದ ಮೇಲೆ ಯಾವ ತಂದೆತಾಯಿ ತಮ್ಮ ಮಗುವಿಗೆ ಯಾವುದನ್ನು ಆರಿಸಿಯಾರು?

ಇದರೊಂದಿಗೆ ಕಲ್ಲಿದ್ದಲೂ ಸೇರಿತು. ಲುಸಾಟಿಯಾದ ನೆಲದಡಿಯಲ್ಲಿ ಕಂದು ಕಲ್ಲಿದ್ದಲಿನ ದೊಡ್ಡ ನಿಕ್ಷೇಪವಿದೆ. ಅದನ್ನು ತೆಗೆಯಲು ಇಪ್ಪತ್ತನೆಯ ಶತಮಾನದಲ್ಲಿ ನೂರಕ್ಕೂ ಹೆಚ್ಚು ಹಳ್ಳಿಗಳನ್ನು ಪೂರ್ತಿಯಾಗಿ ಅಥವಾ ಭಾಗಶಃ ನೆಲಸಮ ಮಾಡಲಾಯಿತು. ಊರಿನವರು ನಗರಗಳ ಬಹುಮಹಡಿ ಮನೆಗಳಿಗೆ ಚದುರಿ ಹೋದರು, ಹೊರಗಿನಿಂದ ಜರ್ಮನ್ ಭಾಷಿಕ ಕಾರ್ಮಿಕರು ಬಂದರು. ದೊಮೊವಿನಾ ಹುಟ್ಟಿದ ಹೊಯೆರ್ಸ್‌ವೆರ್ಡಾ ಕೆಲವೇ ದಶಕಗಳಲ್ಲಿ ಸುಮಾರು 7,000 ಜನರ ಊರಿನಿಂದ 70,000 ಜನರ ನಗರವಾಗಿ, ಅಲ್ಲಿ ಸೊರ್ಬಿಯನ್ ಕೇಳುವುದೇ ಅಪರೂಪವಾಯಿತು. ದೇಶ ಒಂದಾದ ಮೇಲೂ ಇದು ನಿಲ್ಲಲಿಲ್ಲ. ಹೊರ್ನೊ ಎಂಬ ಹಳ್ಳಿಯವರು ವರ್ಷಗಟ್ಟಲೆ ಹೋರಾಡಿದರು, ಯೂರೋಪಿನ ಮಾನವ ಹಕ್ಕುಗಳ ನ್ಯಾಯಾಲಯದವರೆಗೂ ಹೋದರು, 2000ದಲ್ಲಿ ಅಲ್ಲಿಯೂ ಸೋತರು. ಊರಿನ ಹಳೆಯ ಚರ್ಚನ್ನು 2004ರಲ್ಲಿ ಸ್ಫೋಟಿಸಿ ಕೆಡವಿದರು. ಅಣೆಕಟ್ಟಿನ ಹಿನ್ನೀರಿನಲ್ಲಿ ಊರು ಮುಳುಗಿದವರ ಸಂಕಟವನ್ನು ಕಂಡಿರುವ ನಮಗೆ ಇದನ್ನು ವಿವರಿಸಬೇಕಾಗಿಲ್ಲ. ಹಳ್ಳಿಯ ಭಾಷೆಗೆ ಹಳ್ಳಿಯೇ ವಿಶ್ವವಿದ್ಯಾಲಯ. ಪರಿಹಾರದ ಹಣದಲ್ಲಿ ಮನೆ ಕಟ್ಟಬಹುದು, ಜಗಲಿಯ ಮಾತನ್ನು ಕಟ್ಟಲಾಗದು.

ಇನ್ನು ನಾನು ಮುಖ್ಯವಾಗಿ ಹೇಳಬೇಕೆಂದಿರುವ ಪ್ರಸಂಗ. ಬೌಟ್ಸೆನ್, ಕಾಮೆಂಟ್ಸ್, ಹೊಯೆರ್ಸ್‌ವೆರ್ಡಾ ಊರುಗಳ ನಡುವೆ ಕೆಲವು ಕ್ಯಾಥೊಲಿಕ್ ಹಳ್ಳಿಗಳಿವೆ. ಸುತ್ತಲಿನ ಪ್ರಾಟೆಸ್ಟೆಂಟ್ ಸೊರ್ಬರು ನೆರೆಯ ಜರ್ಮನ್ನರೊಂದಿಗೆ ಬೆರೆತು ಭಾಷೆಯನ್ನು ಬಿಟ್ಟರೂ ಇವರು ಬಿಡಲಿಲ್ಲ. ಚರ್ಚು, ಮದುವೆ, ಈಸ್ಟರ್ ದಿನದ ಕುದುರೆ ಮೆರವಣಿಗೆ, ಅಂಗಡಿಯ ಮಾತು ಎಲ್ಲವೂ ಅಲ್ಲಿ ಸೊರ್ಬಿಯನ್ನಿನಲ್ಲಿಯೇ. ಕ್ರೊಸ್ಟ್‌ವಿಟ್ಸ್ ಅಂತಹ ಒಂದು ಹಳ್ಳಿ. 2001ರಲ್ಲಿ ಅಲ್ಲಿನ ಮಾಧ್ಯಮಿಕ ಶಾಲೆಯ ಐದನೆಯ ತರಗತಿಗೆ 17 ಮಕ್ಕಳು ಹೆಸರು ಹಚ್ಚಿದ್ದರು. ರಾಜ್ಯದ ನಿಯಮದಂತೆ ಕನಿಷ್ಠ 20 ಬೇಕಿತ್ತು. ಮೂವರು ಕಡಿಮೆ. ಶಿಕ್ಷಣ ಇಲಾಖೆ ತರಗತಿಗೆ ಅನುಮತಿ ಕೊಡಲಿಲ್ಲ.

ತಂದೆತಾಯಿಗಳು ಮಕ್ಕಳನ್ನು ಬೇರೆ ಶಾಲೆಗೆ ಕಳುಹಿಸಲು ನಿರಾಕರಿಸಿದರು. ಇಲಾಖೆ ಕೊಡದ ತರಗತಿಯನ್ನು ಊರಿನವರೇ ನಡೆಸಿದರು. ಪಾಠ ಹೇಳಲು ಬಂದವರು ಯಾರು ಗೊತ್ತೇ? ನಿವೃತ್ತ ಅಧ್ಯಾಪಕರು! ಇದನ್ನು ಓದಿದಾಗ ನಾನು ಕನ್ನಡಕ ತೆಗೆದಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ. ಸಂಬಳವಿಲ್ಲ, ಹಾಜರಿ ಪುಸ್ತಕವಿಲ್ಲ, ಹದಿನೇಳು ಮಕ್ಕಳಿಗಾಗಿ ಮತ್ತೆ ಸೀಮೆಸುಣ್ಣ ಹಿಡಿದರು. ಸಾವಿರಾರು ಜನ ಬೆಂಬಲಿಸಿದರು, ಹೊರದೇಶಗಳ ಪತ್ರಿಕೆಗಳೂ ಬರೆದವು. ಆದರೂ ಇಲಾಖೆ ಜಗ್ಗಲಿಲ್ಲ. ಕೆಲವು ವಾರಗಳ ಬಳಿಕ ಮಕ್ಕಳು ನೆರೆಯ ಶಾಲೆಗಳಿಗೆ ಹೋಗಬೇಕಾಯಿತು. 2003ರಲ್ಲಿ ಕ್ರೊಸ್ಟ್‌ವಿಟ್ಸಿನ ಮಾಧ್ಯಮಿಕ ಶಾಲೆ ಮುಚ್ಚಿತು.

ಇಲಾಖೆಯ ವಾದವನ್ನು ಹಗುರವಾಗಿ ತೆಗೆದುಹಾಕುವುದು ನ್ಯಾಯವಲ್ಲ. ನಿಯಮ ಎಲ್ಲರಿಗೂ ಒಂದೇ. ಆ ವರ್ಷಗಳಲ್ಲಿ ಪೂರ್ವ ಜರ್ಮನಿಯಲ್ಲಿ ಮಕ್ಕಳ ಸಂಖ್ಯೆ ಕುಸಿದು ಎಷ್ಟೋ ಜರ್ಮನ್ ಶಾಲೆಗಳೂ ಮುಚ್ಚಿದವು. ಅಧ್ಯಾಪಕರ ಸಂಬಳ ತೆರಿಗೆಯ ಹಣ. ನೆರೆಯ ಊರುಗಳಲ್ಲಿ ಸೊರ್ಬಿಯನ್ ಶಾಲೆಗಳು ಇದ್ದೇ ಇದ್ದವು. ಮೇಲಾಗಿ ಸೊರ್ಬರೆಲ್ಲರೂ ಜರ್ಮನ್ ಚೆನ್ನಾಗಿ ಬಲ್ಲವರು, ಯಾವ ಮಗುವೂ ವಿದ್ಯೆಯಿಂದ ವಂಚಿತವಾಗುತ್ತಿರಲಿಲ್ಲ. ಇವೆಲ್ಲವೂ ಸರಿಯೇ.

ಆದರೂ ಆ ನಿರ್ಧಾರ ತಪ್ಪು ಎಂದೇ ನನ್ನ ಅಭಿಪ್ರಾಯ. ಜರ್ಮನ್ ಊರಿನ ಶಾಲೆಯೊಂದು ಮುಚ್ಚಿದರೆ ಆ ಊರಿಗೆ ಶಾಲೆ ಹೋಗುತ್ತದೆ, ಜರ್ಮನ್ ಭಾಷೆಗೆ ಏನೂ ಆಗುವುದಿಲ್ಲ. ಭಾಷೆ ದಿನಬಳಕೆಯಲ್ಲಿ ಉಳಿದಿರುವುದೇ ಬೆರಳೆಣಿಕೆಯ ಹಳ್ಳಿಗಳಲ್ಲಿ ಎಂದಾದಾಗ, ಅಲ್ಲಿನ ಒಂದು ಶಾಲೆ ಮುಚ್ಚಿದರೆ ಭಾಷೆಯ ಒಂದು ಕಂಬವೇ ಬೀಳುತ್ತದೆ. ಒಂದೇ ನಿಯಮ, ಎರಡು ಕಡೆ ಎರಡು ಪರಿಣಾಮ. ತರಗತಿಯಲ್ಲಿ ಹಿಂದಿನ ಬೆಂಚಿನ ಗಿಡ್ಡ ಹುಡುಗನನ್ನು ನಾವು ಮುಂದಕ್ಕೆ ಕೂರಿಸುವುದಿಲ್ಲವೇ? ಅದನ್ನು ಪಕ್ಷಪಾತವೆಂದು ಯಾರೂ ಹೇಳಲಿಲ್ಲ. ಎಲ್ಲರಿಗೂ ಕಪ್ಪುಹಲಗೆ ಕಾಣಬೇಕೆಂಬುದೇ ಅಲ್ಲಿನ ಸಮಾನತೆ. ಸ್ಯಾಕ್ಸನಿಯ 1992ರ ಸಂವಿಧಾನವೇ ಸೊರ್ಬರ ಭಾಷೆಯನ್ನು ಉಳಿಸಿಕೊಳ್ಳುವ ಹಕ್ಕಿಗೆ, ಅದರಲ್ಲಿಯೂ ಶಾಲೆಗಳ ಮೂಲಕ ಉಳಿಸಿಕೊಳ್ಳುವ ಹಕ್ಕಿಗೆ ಭರವಸೆ ಕೊಟ್ಟಿದೆ. ಆ ಭರವಸೆಯ ಬೆಲೆ ಮೂವರು ಮಕ್ಕಳಷ್ಟೂ ಇಲ್ಲದೆ ಹೋಯಿತೇ?

ಸರಕಾರವನ್ನು ಮಾತ್ರ ದೂಷಿಸಿ ಕೈತೊಳೆದುಕೊಳ್ಳುವವನೂ ನಾನಲ್ಲ. ಹತ್ತು ಮಂದಿ ಸೊರ್ಬರು ಮಾತನಾಡುತ್ತಿರುವಾಗ ಒಬ್ಬ ಜರ್ಮನ್ ಬಂದು ಕುಳಿತರೆ ಎಲ್ಲರೂ ಜರ್ಮನ್ನಿಗೆ ತಿರುಗುವ ರೂಢಿಯಿದೆ. ಮನೆಗೆ ಜರ್ಮನ್ ಸೊಸೆಯೋ ಅಳಿಯನೋ ಬಂದರೆ ಮೊಮ್ಮಕ್ಕಳ ಮಾತು ಜರ್ಮನ್ ಆಗಿಬಿಡುತ್ತದೆ. ಇದು ಸೌಜನ್ಯವೇ ಹೊರತು ದೋಷವಲ್ಲ. ಆದರೆ ನೂರು ವರ್ಷ ಯಾವಾಗಲೂ ಒಂದೇ ಪಕ್ಷದವರು ಸೌಜನ್ಯ ತೋರುತ್ತಾ ಬಂದರೆ ಅವರ ಭಾಷೆ ಉಳಿಯುವುದಾದರೂ ಹೇಗೆ?

ಕತ್ತಲೆ ಮಾತ್ರವಲ್ಲ, ಬೆಳಕೂ ಇದೆ. 1998ರಲ್ಲಿ ಕೊಟ್‌ಬುಸ್ ಬಳಿಯ ಒಂದು ಶಿಶುವಿಹಾರದಲ್ಲಿ ‘ವಿತಾಯ್’ ಎಂಬ ಪ್ರಯೋಗ ಆರಂಭವಾಯಿತು. ಆ ಶಬ್ದಕ್ಕೆ ಸ್ವಾಗತ ಎಂದರ್ಥ. ಮನೆಯಲ್ಲಿ ಭಾಷೆ ನಿಂತುಹೋಗಿರುವ ಮಕ್ಕಳೊಂದಿಗೆ ಶಿಕ್ಷಕಿಯರು ಸೊರ್ಬಿಯನ್ನಿನಲ್ಲಿಯೇ ಮಾತನಾಡುತ್ತಾರೆ, ಮಕ್ಕಳು ಆಡುತ್ತಾ ಕಲಿಯುತ್ತಾರೆ. ಫ್ರಾನ್ಸಿನ ಬ್ರೆಟನ್ ಭಾಷಿಕರಿಂದ ಕಲಿತ ಮಾದರಿಯಿದು. ಅದು ಹಲವು ಊರುಗಳಿಗೆ ಹರಡಿದೆ. ಮೇಲಿನ ಸೊರ್ಬಿಯನ್ನಿನಲ್ಲಿ ದಿನಪತ್ರಿಕೆ ಹೊರಡುತ್ತಿದೆ. ಲೈಪ್‌ಜಿಗ್ ವಿಶ್ವವಿದ್ಯಾಲಯದಲ್ಲಿ ಸೊರ್ಬಿಯನ್ ಅಧ್ಯಾಪಕರನ್ನು ತರಬೇತುಗೊಳಿಸುತ್ತಾರೆ. 2008ರಿಂದ 2017ರವರೆಗೆ ಸ್ಯಾಕ್ಸನಿಯ ಮುಖ್ಯಮಂತ್ರಿಯಾಗಿದ್ದ ಸ್ಟಾನಿಸ್ಲಾವ್ ಟಿಲ್ಲಿಖ್ ಅವರು ಸೊರ್ಬರೇ. ಆದರೆ ಇಂದು ಅಲ್ಲಿನ ಶಾಲೆಗಳ ದೊಡ್ಡ ಕೊರತೆ ಭಾಷೆ ಬಲ್ಲ ಅಧ್ಯಾಪಕರದು. ಅಂದು ಮಕ್ಕಳು ಸಾಲದೆಂದು ತರಗತಿ ತೆರೆಯಲಿಲ್ಲ, ಇಂದು ಕಲಿಸಲು ಜನ ಸಾಲದು. ಅಂದು ಶಾಲೆಯನ್ನು ಉಳಿಸಿಕೊಂಡಿದ್ದರೆ ಆ ಹದಿನೇಳು ಮಂದಿಯಲ್ಲಿ ಒಬ್ಬಿಬ್ಬರಾದರೂ ಅದೇ ಶಾಲೆಯ ಮೇಷ್ಟ್ರಾಗಿ ಮರಳುತ್ತಿದ್ದರೋ ಏನೋ ಎಂದು ನನಗೆ ಅನಿಸುತ್ತದೆ.

ಈಗ ಮೊದಲಿಗೆ ಹೇಳಿದ ಕಸಿವಿಸಿಯ ವಿಚಾರ. ದಕ್ಷಿಣ ಕನ್ನಡದ ಒಂದು ಹಳ್ಳಿಯ ಪ್ರೌಢಶಾಲೆಯಲ್ಲಿ ನಾನು ಹೊಸದಾಗಿ ಕನ್ನಡ ಅಧ್ಯಾಪಕನಾಗಿ ಸೇರಿದ್ದೆ. ನಮ್ಮ ಮನೆಮಾತು ಕನ್ನಡ. ಮಕ್ಕಳಲ್ಲಿ ಹೆಚ್ಚಿನವರದು ತುಳು. ತರಗತಿಯಲ್ಲಿ ತುಳು ಆಡಿದವರಿಗೆ ನಾಲ್ಕಾಣೆ ದಂಡ ಎಂದು ನಾನೊಂದು ನಿಯಮ ಮಾಡಿದೆ. ದಂಡದ ಹಣದಲ್ಲಿ ವರ್ಷದ ಕೊನೆಗೆ ಎಲ್ಲರಿಗೂ ಮಿಠಾಯಿ ಹಂಚಿ, ಅದನ್ನೊಂದು ದೊಡ್ಡ ಶಿಸ್ತೆಂದು ಬೀಗಿದ್ದೆ. ಹಿಂದಿನ ಬೆಂಚಿನಲ್ಲಿ ಒಬ್ಬ ಹುಡುಗನಿದ್ದ. ಆಟದ ಬಯಲಿನಲ್ಲಿ ಅವನಷ್ಟು ಚೆನ್ನಾಗಿ ಕಥೆ ಹೇಳುವವರಿರಲಿಲ್ಲ, ಎಲ್ಲವೂ ತುಳುವಿನಲ್ಲಿ. ಎರಡು ಬಾರಿ ದಂಡ ಕಟ್ಟಿದ ಮೇಲೆ ಅವನು ತರಗತಿಯಲ್ಲಿ ಬಾಯಿ ತೆರೆಯುವುದನ್ನೇ ಬಿಟ್ಟ. ‘ಪ್ರಗತಿ ಸಾಲದು’ ಎಂದು ಅಂಕಪಟ್ಟಿಯಲ್ಲಿ ಬರೆದವನು ನಾನೇ. ಒಂಬತ್ತನೆಯ ತರಗತಿಗೆ ಅವನು ಬರಲಿಲ್ಲ. ನಾಲ್ಕಾಣೆ ಅವನ ಮನೆಗೆ ಎಷ್ಟಾಗಿತ್ತೆಂದೂ ನಾನು ಯೋಚಿಸಿರಲಿಲ್ಲ.

ಬಿ.ಎಡ್. ಓದುವಾಗ ‘ತಿಳಿದಿರುವುದರಿಂದ ತಿಳಿಯದಿರುವುದರ ಕಡೆಗೆ’ ಎಂಬ ಸೂತ್ರವನ್ನು ಪರೀಕ್ಷೆಯಲ್ಲಿ ಬರೆದು ಅಂಕ ಗಳಿಸಿದ್ದೆ. ಆ ಹುಡುಗನಿಗೆ ತಿಳಿದಿದ್ದುದು ತುಳು. ಅದನ್ನೇ ಬಾಗಿಲ ಹೊರಗೆ ನಿಲ್ಲಿಸಿ ಕನ್ನಡವನ್ನು ಕಲಿಸಹೊರಟಿದ್ದೆ. ಇಂಗ್ಲಿಷಿನ ಮುಂದೆ ಕನ್ನಡ ಕುಗ್ಗುತ್ತಿದೆಯೆಂದು ರಾಜ್ಯೋತ್ಸವದ ವೇದಿಕೆಗಳಲ್ಲಿ ಭಾಷಣ ಮಾಡುತ್ತಿದ್ದವನೂ ನಾನೇ. ಸೊರ್ಬರಿಗೆ ಪ್ರಷ್ಯಾದ ಮೇಷ್ಟ್ರುಗಳು ಏನು ಮಾಡಿದರೆಂದು ಓದುವಾಗ ನನಗೆ ನನ್ನ ಮುಖವೇ ಕಂಡಿತು. ಅವರೂ ಕೆಟ್ಟವರೆಂದೇನೂ ಇರಲಿಕ್ಕಿಲ್ಲ, ಮಕ್ಕಳ ಏಳಿಗೆಗಾಗಿಯೇ ಮಾಡುತ್ತಿದ್ದೇವೆಂದು ನಂಬಿದ್ದಿರಬಹುದು. ನಾನೂ ಹಾಗೆಯೇ ನಂಬಿದ್ದೆ. ದೊಡ್ಡ ಭಾಷೆಯವರ ಕಣ್ಣಿಗೆ ತಮ್ಮ ಪಕ್ಕದ ಸಣ್ಣ ಭಾಷೆ ಬೀಳುವುದು ತಡವಾಗಿ. ಆ ಹುಡುಗನೋ ಅವನ ಮಕ್ಕಳೋ ಇದನ್ನು ಓದಿದರೆ, ಅಂದಿನ ಮೇಷ್ಟ್ರು ಇಂದು ಕ್ಷಮೆ ಕೇಳುತ್ತಿದ್ದಾನೆಂದು ತಿಳಿಯಲಿ.

ನನ್ನ ವಿದ್ಯಾರ್ಥಿಗಳಲ್ಲಿ ಕೆಲವರು ಈಗ ಅಧ್ಯಾಪಕರು, ಕೆಲವರು ಅಧಿಕಾರಿಗಳು, ಎಲ್ಲರೂ ತಂದೆತಾಯಿಗಳು. ನಿಮ್ಮಲ್ಲಿ ನನ್ನದೊಂದು ವಿನಂತಿ. ಅಧ್ಯಾಪಕರಾಗಿರುವವರು ಮಗುವಿನ ಮನೆಮಾತಿಗೆ, ಅದು ತುಳುವಿರಲಿ, ಕೊಂಕಣಿ, ಬ್ಯಾರಿ, ಕೊಡವ, ಲಂಬಾಣಿಯಿರಲಿ, ತರಗತಿಯಲ್ಲಿ ಒಂದಿಷ್ಟು ಜಾಗ ಕೊಡಿ. ಕನ್ನಡಕ್ಕೆ ಅದರಿಂದ ನಷ್ಟವಿಲ್ಲ. ಅಧಿಕಾರಿಗಳಾಗಿರುವವರು ಮಕ್ಕಳ ಸಂಖ್ಯೆ ಸಾಲದೆಂದು ಶಾಲೆಯ ಕಡತಕ್ಕೆ ಸಹಿ ಹಾಕುವ ಮೊದಲು, ಆ ಶಾಲೆಯೊಂದಿಗೆ ಇನ್ನೇನೇನು ಮುಚ್ಚುತ್ತದೆಂದು ಒಮ್ಮೆ ಹೋಗಿ ನೋಡಿ ಬನ್ನಿ. ಪರದೇಶದಲ್ಲಿರುವ ನಮ್ಮ ಮಕ್ಕಳು, ಸೊಸೆಯಂದಿರು ಮನೆಯೊಳಗಾದರೂ ನಮ್ಮ ಮಾತನ್ನು ಬಿಡದಿರಿ. ಸಮಾರಂಭದ ದಿನ ಪಂಚೆ ಉಟ್ಟು ಹಾಡು ಹಾಡಿದರೆ ಸಾಲದು. ಸೊರ್ಬರಲ್ಲಿ ಸುಂದರವಾದ ಉಡುಪು, ಹಾಡು, ಬಣ್ಣದ ಮೊಟ್ಟೆಗಳೆಲ್ಲ ಉಳಿದ ಎಷ್ಟೋ ಊರುಗಳಲ್ಲಿ ಮಾತು ಉಳಿಯಲಿಲ್ಲ.

ಡ್ರೆಸ್ಡೆನ್ನಿನ ಹುಡುಗನಿಗೆ ಉತ್ತರ ಬರೆಯುತ್ತಾ, ಬಿಡುವಾದಾಗ ಆ ಹಳ್ಳಿಗಳಿಗೊಮ್ಮೆ ಹೋಗಿ, ದ್ವಿವಚನ ಆಡುವ ಮಕ್ಕಳ ಮಾತನ್ನು ಕೇಳಿ ಬಾ ಎಂದೆ. ಅವನು ಹೋಗಿ ಬಂದ. “ಮಾಷ್ಟ್ರೇ, ಒಂದಕ್ಷರವೂ ಅರ್ಥವಾಗಲಿಲ್ಲ. ಆದರೆ ಇಬ್ಬರು ಹುಡುಗಿಯರು ಸೈಕಲ್ ತಳ್ಳಿಕೊಂಡು ಹೋಗುತ್ತಾ ನಿಲ್ಲಿಸದೆ ಮಾತನಾಡುತ್ತಿದ್ದರು, ಜರ್ಮನ್ ಅಲ್ಲವೇ ಅಲ್ಲ” ಎಂದು ಬರೆದಿದ್ದಾನೆ. ಓದಿ ಮನಸ್ಸಿಗೆ ಸಮಾಧಾನವಾಯಿತು.

ನಿಮ್ಮ ಅನಿಸಿಕೆಗಳನ್ನು ಬರೆಯಿರಿ. ನಾನು ಹೇಳಿದ್ದು ತಪ್ಪೆನಿಸಿದರೆ ಸಂಕೋಚವಿಲ್ಲದೆ ತಿದ್ದಿ. ಈಗ ದಂಡವಿಲ್ಲ, ತುಳುವಿನಲ್ಲಿ ಬರೆದರೂ ಆದೀತು.

ಎಲ್ಲರಿಗೂ ಶುಭವಾಗಲಿ.